ಗೊಂಬೆಗೆ ನೀರು ಹಾಕಿಸಿದ ಡಾಕ್ಟರು

ಗುಬ್ಬಿಯ ನಮ್ಮ ಬೀದಿಯಲ್ಲಿ ಯಾರನ್ನೇ ಕೇಳಿ, ಕಥೆ ಹೀಗೇ ಬರುತ್ತದೆ. ನಮ್ಮಕ್ಕನ ಮಗು ಉಸಿರು ಎಳೆಯಲಾರದೆ ನೀಲಿಗಟ್ಟಿತ್ತು. ಎಲ್ಲ ಕಡೆ ತೋರಿಸಿ ಮನೆಯವರು ಕೈಚೆಲ್ಲಿ ಕೂತಿದ್ದರು. ತುಮಕೂರಿನ ಆ ಮಕ್ಕಳ ಡಾಕ್ಟರು ಎದೆಯ ಮೇಲೆ ಒಂದು ಸಲ ಕೈ ಇಟ್ಟರು ನೋಡಿ, ಮಗು ಕಣ್ಣು ಬಿಟ್ಟು ನಕ್ಕಿತು. ಹೇಳಿದವರು ಕೊನೆಗೆ ತಲೆಯಾಡಿಸುತ್ತಾರೆ: "ಕೈಗುಣ ಕಣಮ್ಮಾ, ಕೈಗುಣ."

ನಾನು ಇದನ್ನು ಒಪ್ಪುವುದಿಲ್ಲ. ಒಪ್ಪದಿರಲು ಕಾರಣವೂ ಸರಳ, ಆ ಕೋಣೆಯಲ್ಲಿ ನಾನಿದ್ದೆ. ಮಗು ನೀಲಿಗಟ್ಟಿರಲಿಲ್ಲ. ನಗಲೂ ಇಲ್ಲ, ಸ್ಟೆತಸ್ಕೋಪು ತಣ್ಣಗಿದ್ದುದಕ್ಕೆ ಕಿಟಾರನೆ ಕಿರುಚಿ ಡಾಕ್ಟರ ಅಂಗಿಯ ಮೇಲೆ ಉಚ್ಚೆ ಹೊಯ್ದಿತು. ವಾಸಿಯಾಗಲು ವಾರಗಳು ಹಿಡಿದವು. ಇನ್ನು ಕೈಗುಣ. ಅದೇ ಕೈ ಅವತ್ತೇ ಬೆಳಿಗ್ಗೆ ಇನ್ನೊಂದು ಮಗುವನ್ನು ಮುಟ್ಟಿ ನೋಡಿ, "ಇದು ನನ್ನ ಕೈಲಾಗೋದಲ್ಲ, ಬೆಂಗಳೂರಿಗೆ ಕರ್ಕೊಂಡೋಗಿ, ಈಗ್ಲೇ ಹೊರಡಿ" ಎಂದು ಹೇಳಿ ಕಳಿಸಿತ್ತಲ್ಲ, ಆಗ ಗುಣ ಎಲ್ಲಿ ಹೋಗಿತ್ತು? ಕೈಗೆ ಗುಣ ಕೊಟ್ಟುಬಿಟ್ಟರೆ ಒಂದು ಅನುಕೂಲವಿದೆ ನಿಜ, ತಲೆಗೆ ಏನೂ ಕೊಡಬೇಕಾಗಿಲ್ಲ. ಒಬ್ಬ ಮನುಷ್ಯ ಆಯಸ್ಸೆಲ್ಲ ಕೂತು ಯೋಚಿಸಿದ್ದನ್ನು ಅಂಗೈ ರೇಖೆಯ ಲೆಕ್ಕಕ್ಕೆ ಬರೆದು ನಾವು ಆರಾಮವಾಗಿ ಮನೆಗೆ ಹೋಗಬಹುದು.

ಕೃತಜ್ಞತೆ ನನಗಿಲ್ಲವೆಂದಲ್ಲ. ಬೀದಿಯವರೆಲ್ಲರಿಗಿಂತ ನನಗೇ ಹೆಚ್ಚಿದೆ ಎಂದು ಬೇಕಾದರೆ ವಾದಿಸಿ ತೋರಿಸುತ್ತೇನೆ. ಆದರೆ ನಡೆಯದ ಪವಾಡಕ್ಕೆ ಋಣಿಯಾಗಿರಲು ನನ್ನಿಂದಾಗದು. ನಡೆದದ್ದಕ್ಕೆ ಋಣಿ. ಅದನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಡಾಕ್ಟರು ಕುಣಿಗಲ್ ತಾಲ್ಲೂಕಿನವರು. ರಾಗಿ ಹೊಲ, ಒಂದಿಷ್ಟು ತೆಂಗು ಇದ್ದ ಮನೆ. ಓದು ಮುಗಿಸಿ ಮೊದಲು ಕೆಲಸ ಮಾಡಿದ್ದು ಹುಲಿಯೂರುದುರ್ಗದ ಕಡೆ, ಆಮೇಲೆ ಕುಣಿಗಲ್ಲಿನಲ್ಲಿ, ಕೊನೆಗೆ ತುಮಕೂರು. ಸದಾಶಿವನಗರದಲ್ಲಿ ಮನೆ ಕಟ್ಟಿ ಮುಂದಿನ ಎರಡು ಕೋಣೆಗಳನ್ನೇ ಕ್ಲಿನಿಕ್ ಮಾಡಿಕೊಂಡರು. ನಾನು ಹುಟ್ಟುವ ಹೊತ್ತಿಗಾಗಲೇ ಸುತ್ತಲ ತಾಲ್ಲೂಕುಗಳಿಗೆಲ್ಲ ಮಕ್ಕಳ ಡಾಕ್ಟರು ಎಂದರೆ ಅವರೇ. ಗುಬ್ಬಿ ಬಸ್ಸಿನಲ್ಲಿ ಮಗು ಎತ್ತಿಕೊಂಡು ಕೂತವರಿಗೆ ಕಂಡಕ್ಟರು ಕೇಳದೆಯೇ ಹೇಳುತ್ತಿದ್ದ, "ಡಾಕ್ಟ್ರ ಮನೆಗಾ? ಮುಂದಿನ ಸ್ಟಾಪಲ್ಲಿ ಇಳ್ಕಳಿ."

ದೇವರಂಥ ಮನುಷ್ಯ ಎಂದು ಜನ ಹೇಳುತ್ತಾರೆ. ಅದನ್ನೂ ಒಪ್ಪುವುದಿಲ್ಲ. ದೇವರು ಅಷ್ಟು ಹೊತ್ತು ಕಾಯಿಸುತ್ತಾನೋ ಇಲ್ಲವೋ ಗೊತ್ತಿಲ್ಲ, ಇವರಂತೂ ಕಾಯಿಸುತ್ತಿದ್ದರು. ಒಂದು ಮಗು ಒಳಗೆ ಹೋದರೆ ಹೊರಗೆ ಬರುವ ಹೊತ್ತಿಗೆ ಬೆಂಚಿನ ಮೇಲೆ ಕೂತವರು ಒಬ್ಬರಿಗೊಬ್ಬರು ನೆಂಟರಾಗಿಬಿಟ್ಟಿರುತ್ತಿದ್ದರು. ಅಪ್ಪಂದಿರನ್ನು ಕಂಡರೆ ಸಿಡುಕು. "ಬೀಡಿ ವಾಸ್ನೆ ಹೊಡ್ಕೊಂಡು ಅಸ್ತಮಾ ಮಗು ಎತ್ಕೊಂಡ್ ಬಂದಿದೀಯಲ್ಲಪ್ಪಾ, ಮಾತ್ರೆ ಯಾರಿಗೆ ಬರೀಲಿ, ಅವನಿಗೋ ನಿನಗೋ?" ಎಂದು ಬೆಂಚಿನವರಿಗೆಲ್ಲ ಕೇಳಿಸುವಂತೆ ಅನ್ನುತ್ತಿದ್ದರು. ಬೇಕಾದಾಗ ಬಿಟ್ಟರೆ ಇಂಜೆಕ್ಷನ್ ಕೊಡುತ್ತಿರಲಿಲ್ಲ. "ಸೂಜಿ ಇಲ್ಲ, ಬಾಟ್ಲಿ ಇಲ್ಲ, ಅದೆಂಥಾ ದೊಡ್ಡ ಡಾಕ್ಟ್ರೋ" ಎಂದು ಗೊಣಗಿಕೊಂಡು ಹೋದವರೇ ಮುಂದಿನ ವಾರ ತಂಗಿಯ ಮಗುವನ್ನೂ ಕರೆದುಕೊಂಡು ಬರುತ್ತಿದ್ದರು.

ನನ್ನನ್ನು ಅವರ ಹತ್ತಿರ ಮೊದಲು ಕರೆದುಕೊಂಡು ಹೋದದ್ದು ಹೊಟ್ಟೆನೋವಿಗೆ. ಪ್ರೈಮರಿ ಸ್ಕೂಲಿನಲ್ಲಿದ್ದೆ. ಅಮ್ಮ ಶುರು ಮಾಡಿದಳು, "ಬೆಳಿಗ್ಗೆ ಎದ್ರೆ ಸಾಕು ಸಾರ್, ಹೊಟ್ಟೆ ಹಿಡ್ಕೊಂಡು..." ಡಾಕ್ಟರು ಕೈ ಅಡ್ಡ ಹಿಡಿದರು.

"ಹೊಟ್ಟೆ ನಿಮ್ದೋ ಇವಳ್ದೋ?"

"ಇವಳ್ದು ಸಾರ್."

"ಮತ್ತೆ? ನೀನ್ ಹೇಳಮ್ಮಾ. ಹೇಳೋದೂ ಬೇಡ, ಒಂದೇ ಬೆರಳಲ್ಲಿ ತೋರ್ಸು."

ತೋರಿಸಿದೆ. ಅವರು ಮತ್ತೆ ತೋರಿಸು ಎಂದರು. ಬೆರಳು ಇನ್ನೊಂದು ಕಡೆ ಹೋಯಿತು. ಸ್ಟೂಲಿನಿಂದ ಕೆಳಕ್ಕೆ ಹಾರು ಎಂದರು, ಹಾರಿದೆ. ಕುಣಿ ಎಂದರು, ಕುಣಿದೆ. "ಹೊಟ್ಟೆ ಭೇಷಾಗಿದೆ. ಸ್ಕೂಲಲ್ಲಿ ಏನಾಯ್ತು?" ಎಂದು ಕೇಳಿದರು. ಪ್ರಶ್ನೆ ಜಾಸ್ತಿ ಕೇಳುತ್ತೇನೆಂದು ನನ್ನನ್ನು ಹಿಂದಿನ ಬೆಂಚಿನಲ್ಲಿ ಕೂರಿಸಿದ್ದನ್ನು ಹೇಳಿದೆ. ಹೇಳುತ್ತ ಹೇಳುತ್ತ, ಅದಕ್ಕೂ ಹೊಟ್ಟೆಗೂ ಸಂಬಂಧವಿಲ್ಲ, ನೀವು ಸುಮ್ಮನೆ ಊಹೆ ಮಾಡುತ್ತಿದ್ದೀರಿ ಎಂದೂ ವಾದಿಸಿದೆ. ಅವರು ನಗಲಿಲ್ಲ. "ಇರಬಹುದು. ಹಾಗಾದ್ರೆ ಭಾನುವಾರ ಯಾಕೆ ನೋಯಲ್ಲ?" ಎಂದರು. ದೊಡ್ಡವರೊಬ್ಬರು ನನ್ನ ಮಾತನ್ನು ಮಾತಾಗಿ ತೆಗೆದುಕೊಂಡು ಎದುರುತ್ತರ ಕೊಟ್ಟದ್ದು ಅದೇ ಮೊದಲು. ಹೊರಡುವಾಗ, ಜೊತೆಗೆ ಬಂದಿದ್ದ ಅಪ್ಪನಿಗೆ ಹೇಳಿದರು, "ಇವಳ್ನ ಚರ್ಚಾಸ್ಪರ್ಧೆಗೆ ಕಳ್ಸಿ ಸ್ವಾಮಿ. ಮನೇಲಿ ನಿಮ್ ತಲೆ ತಿನ್ನೋದಾದ್ರೂ ಕಮ್ಮಿ ಆಗುತ್ತೆ." ಅಪ್ಪ ಕಳಿಸಿದ. ಬಹುಮಾನದ ಕಪ್ಪುಗಳು ಬಂದವು, ಅಪ್ಪನ ತಲೆ ತಿನ್ನುವುದು ಮಾತ್ರ ಕಮ್ಮಿಯಾಗಲಿಲ್ಲ.

ಈಗ ಅಕ್ಕನ ಮಗುವಿನ ವಿಷಯ. ಕೆಲವು ವರ್ಷಗಳ ಹಿಂದಿನ ಮಾತು. ಅಕ್ಕನನ್ನು ಕೊಟ್ಟಿರುವುದು ಕೊತ್ತಗೆರೆಗೆ. ಚೊಚ್ಚಲು, ಹಾಗಾಗಿ ಬಾಣಂತನ ನಮ್ಮ ಮನೆಯಲ್ಲಿ. ಬಾಣಂತನ ಎಂದರೆ ನಮ್ಮಲ್ಲಿ ಅಜ್ಜಿಯ ರಾಜ್ಯಭಾರ. ನಮ್ಮಪ್ಪನ ತಾಯಿ ಅವಳು. ಮಗುವಿಗೆ ನೀರು ಹಾಕುವುದರಲ್ಲಿ ಇಡೀ ಬೀದಿಗೆ ಹೆಸರಾದವಳು. ಯಾರ ಮನೆಯಲ್ಲಿ ಹೆರಿಗೆಯಾಗಲಿ, ಬೆಳಿಗ್ಗೆ ಹಂಡೆ ಕಾದ ಕೂಡಲೇ ಅಜ್ಜಿಗೆ ಕರೆ ಬರುತ್ತಿತ್ತು. ಈಗ ಮೀಸೆ ತಿರುವಿಕೊಂಡು ಬೈಕ್ ಓಡಿಸುವವರನ್ನೂ ನಿಲ್ಲಿಸಿ, "ಏನ್ಲಾ, ನನ್ ಕಾಲ್ಮೇಲೆ ಬೋರಲು ಬಿದ್ದಿದ್ದೋನು ನೀನು, ಹಾರನ್ ಹೊಡೀತೀಯಾ ನಂಗೆ?" ಎಂದು ಜಬರಿಸುತ್ತಿದ್ದಳು. ಮೈಗೆ ಹಚ್ಚುವ ಎಣ್ಣೆಯೂ ಮನೆಯದೇ. ನಮ್ಮ ತೋಟದ ಕೊಬ್ಬರಿ ಆರಿಸಿ, ಗಾಣಕ್ಕೆ ಕೊಟ್ಟು, ಮುಂದೆ ನಿಂತು ಆಡಿಸಿಕೊಂಡು ಬರುತ್ತಿದ್ದಳು. ಪ್ಯಾಕೆಟ್ ಎಣ್ಣೆ ಎಂದರೆ ಅವಳ ಪಾಲಿಗೆ ಗಾಡಿಯ ಎಣ್ಣೆ.

ಮಗುವಿಗೆ ಎರಡನೇ ತಿಂಗಳು ತುಂಬುವ ಹೊತ್ತಿಗೆ ಕೆಮ್ಮು ಶುರುವಾಯಿತು. ಆಮೇಲೆ ಉಸಿರು ಜೋರಾಯಿತು. ಉಸಿರೆಳೆದಾಗೆಲ್ಲ ಪಕ್ಕೆ ಒಳಕ್ಕೆ ಹೋಗುತ್ತಿತ್ತು. ನಮ್ಮ ಡಾಕ್ಟರು ಆಗ ಕಣ್ಣಿನ ಆಪರೇಷನ್ ಮಾಡಿಸಿಕೊಂಡು ಕ್ಲಿನಿಕ್ ಮುಚ್ಚಿದ್ದರು. ಬೇರೆ ಕಡೆ ತೋರಿಸಿದೆವು. ನಿಮೋನಿಯಾ ಎಂದರು, ಅಡ್ಮಿಟ್ ಮಾಡಿಕೊಂಡರು, ಆಂಟಿಬಯಾಟಿಕ್ ಕೊಟ್ಟರು. ಮಗು ಗೆಲುವಾಯಿತು. ಮನೆಗೆ ಕರೆತಂದ ವಾರದೊಳಗೆ ಮತ್ತೆ ಅದೇ. ಮತ್ತೆ ಅಡ್ಮಿಟ್, ಮತ್ತೆ ಗೆಲುವು, ಮತ್ತೆ ಮನೆ, ಮತ್ತೆ ಅದೇ ಕೆಮ್ಮು. ಅಕ್ಕ ಬಾಣಂತಿಯಾಗಿ ದಪ್ಪವಾಗುವ ಬದಲು ಕಡ್ಡಿಯಾದಳು.

ಕೊತ್ತಗೆರೆಯಿಂದ ಅಕ್ಕನ ಅತ್ತೆ ಬಂದರು. ಮಾತು ಚುರುಕು, ಚರ್ಚಾಸ್ಪರ್ಧೆಯಲ್ಲಿ ನಾನು ಎದುರಿಸಿರುವ ಯಾವ ಕಾಲೇಜಿನ ತಂಡಕ್ಕೂ ಅವರನ್ನು ಸೇರಿಸಿಕೊಳ್ಳಬಹುದಿತ್ತು. ಕಾಫಿ ಲೋಟ ಮುಟ್ಟದೆ ಹೇಳಿದರು, "ಆಸ್ಪತ್ರೇಲಿ ಇದ್ರೆ ಚೆನ್ನಾಗಿರ್ತದೆ, ಈ ಮನೆ ಹೊಸ್ಲು ದಾಟಿದ್ರೆ ಶುರುವಾಗ್ತದೆ. ಅಂದ್ರೆ ಏನರ್ಥ? ಈ ಮನೇಲೇ ಏನೋ ಐತೆ. ಇನ್ನೊಂದ್ ಸಲ ಆಸ್ಪತ್ರೆ ಅಂದ್ರೆ ತಾಯಿ ಕೂಸು ಇಬ್ರುನೂ ಕರ್ಕೊಂಡೋಗ್ತೀನಿ. ನಮ್ಮೂರಲ್ಲಿ ಬಾಣಂತನ ಮಾಡೋರು ಸತ್ತೋಗಿಲ್ಲ."

ಅಜ್ಜಿಯ ಎದುರು ಯಾರೂ ಹಾಗೆ ಮಾತಾಡಿದ್ದನ್ನು ನಾನು ನೋಡಿರಲಿಲ್ಲ. ಅವಳು ತಿರುಗಿ ಬೈಯಲಿಲ್ಲ. ಮಗುವನ್ನು ಇನ್ನಷ್ಟು ಹತ್ತಿರಕ್ಕೆ ಒತ್ತಿಕೊಂಡು, "ನಾಳಿಂದ ಇನ್ನೂ ಚೆಂದಾಗಿ ನೋಡ್ಕತೀನಿ ಬುಡಿ" ಎಂದಳು. ಮರುದಿನದಿಂದ ಇನ್ನೂ ಶ್ರದ್ಧೆಯಿಂದ, ಇನ್ನೂ ಹೆಚ್ಚು ಹೊತ್ತು ನೀರು ಹಾಕಿದಳು. ಮಗು ಇನ್ನೂ ಹೆಚ್ಚು ಕೆಮ್ಮಿತು.

ಡಾಕ್ಟರು ಕ್ಲಿನಿಕ್ ತೆರೆದ ಸುದ್ದಿ ಬಂದದ್ದೇ ತಡ, ಅಕ್ಕ, ಮಗು, ಅಜ್ಜಿ, ನಾನು ಹೊರಟೆವು. ಅಕ್ಕನ ಅತ್ತೆಯೂ ಕೊತ್ತಗೆರೆಯಿಂದ ನೇರ ಅಲ್ಲಿಗೇ ಬಂದರು, ಮಗುವಿನ ಬಟ್ಟೆಬರೆಗೆಂದು ಒಂದು ಖಾಲಿ ಬ್ಯಾಗ್ ಸಮೇತ. ಅಜ್ಜಿ ಆ ಬ್ಯಾಗನ್ನು ನೋಡಿದಳು. ನಾವೆಲ್ಲರೂ ನೋಡಿದೆವು.

ಕಿರುಚಾಟ, ಅಂಗಿ ಒದ್ದೆಯಾದದ್ದು ಎಲ್ಲ ಮುಗಿದ ಮೇಲೆ ಡಾಕ್ಟರು ಹಿಂದಿನ ಆಸ್ಪತ್ರೆಯ ಎಕ್ಸ್‌ರೇಗಳನ್ನು ಒಂದೊಂದಾಗಿ ಕಿಟಕಿಯ ಬೆಳಕಿಗೆ ಹಿಡಿದರು. ಆಮೇಲೆ ಅಕ್ಕನನ್ನು ಕೇಳಿದರು, "ಎಲ್ಲಿದ್ದಾಗ ಚೆನ್ನಾಗಿರ್ತಾನೆ?"

"ಆಸ್ಪತ್ರೇಲಿ ಸಾರ್."

"ಆಸ್ಪತ್ರೇಲಿ ಇಲ್ಲದ್ದು ಮನೇಲಿ ಏನಿದೆ?"

ಅಕ್ಕನ ಅತ್ತೆ ಬಾಯಿ ತೆರೆದರು. ಡಾಕ್ಟರು ಅವರಿಗೂ ಕೈ ಅಡ್ಡ ಹಿಡಿದರು. ಸೌದೆ ಒಲೆ ಇದೆಯಾ, ಸಾಂಬ್ರಾಣಿ ಹೊಗೆ ಎಷ್ಟು ಹಾಕುತ್ತೀರಿ, ಬೀಡಿ ಸೇದುವವರು ಯಾರು, ಗೋಡೆಗೆ ಹೊಸ ಬಣ್ಣ ಹೊಡೆಸಿದಿರಾ, ಪಾರಿವಾಳ ಇದೆಯಾ. ಎಲ್ಲ ಕೇಳಿದ ಮೇಲೆ, "ಮೂಗಿಗೆ ಬಾಯಿಗೆ ಏನಾದ್ರೂ ಹಾಕ್ತೀರಾ ಅಜ್ಜಿ?"

"ಎದೆ ಹಾಲು ಬುಟ್ರೆ ಬೇರೇನೂ ಇಲ್ಲ ಕಣಪ್ಪಾ, ಶಿವನಾಣೆ."

ಹಿಂದೆ ತೋರಿಸಿದ ಕಡೆಯೂ ಇದೇ ಪ್ರಶ್ನೆ ಕೇಳಿದ್ದರು, ಅಜ್ಜಿ ಇದೇ ಉತ್ತರ ಕೊಟ್ಟಿದ್ದಳು. ಅಲ್ಲಿಗೆ ಪ್ರಶ್ನೆ ಮುಗಿದಿತ್ತು. ಇವರು ಮುಗಿಸಲಿಲ್ಲ. ಬೀರುವಿನ ಮೇಲಿನಿಂದ ಒಂದು ಬಟ್ಟೆ ಗೊಂಬೆ ಇಳಿಸಿದರು. ಹಳೇ ಸೀರೆಯಲ್ಲಿ ಹೊಲಿದು ಮರಳು ತುಂಬಿದ್ದು. ಎತ್ತಿಕೊಂಡರೆ ಮಗುವಿನಷ್ಟೇ ಭಾರ. ಕಣ್ಣಿಗೆ ಎರಡು ಗುಂಡಿ, ಮೂಗಿನ ಜಾಗದಲ್ಲಿ ದಾರದ ಎರಡು ಚುಕ್ಕೆ.

"ಬನ್ನಿ ಅಜ್ಜಿ, ಹಿತ್ತಲಲ್ಲಿ ಕಲ್ಲಿದೆ. ಇದಕ್ಕೆ ನೀರು ಹಾಕಿ ತೋರ್ಸಿ."

ಅಜ್ಜಿ ಗೊಂಬೆಯನ್ನು ನೋಡಿದಳು, ಡಾಕ್ಟರನ್ನು ನೋಡಿದಳು. "ಏನ್ ಡಾಕ್ಟ್ರೇ, ಕಣ್ ಆಪ್ರೇಷನ್ ಮಾಡ್ದೋರು ತಲೇಗೇನಾದ್ರೂ ಕೈ ಹಾಕವ್ರಾ? ಕೂಸು ಉಸ್ರು ಕಟ್ಕೊಂಡು ಕೂತೈತೆ, ನೀವು ಗೊಂಬೆ ಆಟ ಆಡ್ಸ್ತೀರಲ್ಲ."

"ಆಡಿ ಅಜ್ಜಿ. ನನಗೋಸ್ಕರ."

ಅಕ್ಕನೂ ಅವಳ ಅತ್ತೆಯೂ ಮಗುವಿನೊಂದಿಗೆ ಮುಂದಿನ ಕೋಣೆಯಲ್ಲೇ ಕೂತರು. ನಾನು ಹಿತ್ತಲಿಗೆ ಹೋದೆ. ಅಜ್ಜಿ ಸೀರೆ ಮೇಲಕ್ಕೆ ಸಿಕ್ಕಿಸಿ ಕಲ್ಲಿನ ಮೇಲೆ ಕೂತು ಕಾಲು ಚಾಚಿದಳು. ಮೊದಲು ಬೇಕಾಬಿಟ್ಟಿ ಶುರು ಮಾಡಿದಳು. "ಇದ್ಕೆ ಕತ್ತೇ ನಿಂತಿಲ್ಲ. ಯಾವ್ ತಾಯಿ ಹೆತ್ತಳೋ, ಮೈ ತುಂಬಾ ಧೂಳು." ಆದರೆ ಆ ಭಾರ ಮೊಣಕಾಲ ಮೇಲೆ ಕೂತ ಕೂಡಲೇ ಅವಳ ಕೈ ಬದಲಾಯಿತು. ಡಾಕ್ಟರು ಬಟ್ಟಲಿನಲ್ಲಿ ಎಣ್ಣೆ ತಂದು ಪಕ್ಕದಲ್ಲಿಟ್ಟು ದೂರ ಹೋಗಿ ನಿಂತರು. ಅಜ್ಜಿ ನೆತ್ತಿಗೆ ಎಣ್ಣೆ ತಟ್ಟಿದಳು. ಬೆನ್ನು, ಅಂಗಾಲು, ಹೊಕ್ಕುಳು. ಕೈಕಾಲು ಮಡಚಿ ಬಿಡಿಸಿದಳು. "ಲೋ ಕಳ್ಳಾ, ಅಳ್ಬ್ಯಾಡ, ಆಯ್ತು ಆಯ್ತು" ಎಂದು ಗೊಂಬೆಯನ್ನು ಸಮಾಧಾನ ಮಾಡಿದಳು. ನಮ್ಮಿಬ್ಬರನ್ನೂ ಮರೆತಿದ್ದಳು. ಹಾಗೆಯೇ, ಉಸಿರಾಡಿದಷ್ಟೇ ಸಹಜವಾಗಿ, ಎಡಗೈಯಲ್ಲಿ ಗೊಂಬೆಯ ತಲೆಯನ್ನು ಹಿಂದಕ್ಕೆ ಬಾಗಿಸಿ ಬಲಗೈ ಬೆರಳನ್ನು ಬಟ್ಟಲಿಗೆ ಅದ್ದಿ ದಾರದ ಆ ಎರಡು ಚುಕ್ಕೆಗಳಿಗೂ ಎಣ್ಣೆಯ ತೊಟ್ಟು ಬಿಟ್ಟಳು. ಮೂಗು ಹಿಂಡಿದಳು. ಬಾಯಿ ಹತ್ತಿರ ತಂದು ಫೂ ಎಂದು ಊದಿದಳು.

ಡಾಕ್ಟರು ತಡೆಯಲಿಲ್ಲ. ಕೊನೆಯ ತಂಬಿಗೆ ನೀರು ಸುರಿದು ಸೆರಗಿನಿಂದ ಗೊಂಬೆಯ ತಲೆ ಒರೆಸುವವರೆಗೂ ಕಾದು ಕೇಳಿದರು, "ಮೂಗಿಗೆ ಬಿಟ್ರಲ್ಲ, ಅದ್ಯಾಕಜ್ಜಿ?"

"ಉಸ್ರು ಸಲೀಸಾಗ್ ಆಡ್ಲಿ ಅಂತ. ನಮ್ಮವ್ವನೂ ಹಂಗೇ ಹಾಕ್ತಿದ್ಲು."

"ದಿನಾ?"

"ದಿನಾ. ಕೆಮ್ಮು ಬಂದ್ಮೇಲೆ ಒಂದೆರ್ಡು ತೊಟ್ಟು ಜಾಸ್ತಿ."

ನನ್ನ ನಾಲಗೆಯ ತುದಿಯಲ್ಲಿ ಮಾತು ಬಂದಿತ್ತು. ಈಗಷ್ಟೇ ಇಲ್ಲ ಅಂದೆಯಲ್ಲ! ಎದುರಾಳಿ ತನ್ನ ಮಾತಿಗೇ ವಿರುದ್ಧ ಮಾತಾಡಿದರೆ ಹಿಡಿದು ಎತ್ತಿ ತೋರಿಸಬೇಕು, ನನಗೆ ಕಲಿಸಿದ್ದೇ ಅದು. ಡಾಕ್ಟರು ನನ್ನ ಕಡೆ ಒಮ್ಮೆ ನೋಡಿದರು. ಬಾಯಿ ಮುಚ್ಚಿಕೊಂಡೆ. ಯೋಚಿಸಿದರೆ ಅಜ್ಜಿ ಸುಳ್ಳೂ ಹೇಳಿರಲಿಲ್ಲ. ಅದು ಅವಳ ಪಾಲಿಗೆ ಮೂಗಿಗೆ ಏನೋ ಹಾಕುವುದಲ್ಲ. ಅದು ನೀರು ಹಾಕುವುದರ ಒಂದು ಭಾಗ, ಕಿವಿಯ ಹಿಂದೆ ಉಜ್ಜುವ ಹಾಗೆ. ಕೇಳಿದರೆ ನೆನಪಿಗೆ ಬರುವಂಥದ್ದೇ ಅಲ್ಲ.

ಡಾಕ್ಟರು ಅವಳ ಎದುರಿಗೆ ಕುಕ್ಕರುಗಾಲಲ್ಲಿ ಕೂತರು. "ಕತ್ತು ಹಿಡಿಯೋದು ಬಹಳ ಚೆನ್ನಾಗಿದೆ ಅಜ್ಜಿ. ಒಂದೇ ಒಂದು ಬದಲಾಯಿಸೋಣ. ಮೈಗೆ ಎಷ್ಟಾದ್ರೂ ಹಚ್ಚಿ. ಮೂಗಿಗೆ ಬೇಡ, ಬಾಯಿಗೆ ಬೇಡ, ಕಿವಿಗೂ ಬೇಡ."

"ಯಾಕೆ?"

"ಹಸುಗೂಸಿನ ಮೂಗಿಗೆ ಬಿಟ್ಟ ಎಣ್ಣೆ ಎದೆಗೆ ಇಳಿಯುತ್ತೆ. ಇಳಿದ್ಮೇಲೆ ಬೇಗ ಹೊರಗೆ ಬರಲ್ಲ."

ಅಜ್ಜಿ ಗೊಂಬೆಯ ಮುಖವನ್ನು ಇನ್ನೊಮ್ಮೆ ಒರೆಸಿದಳು. "ಸರಿ ಬುಡಿ" ಎಂದು ಎದ್ದಳು.

ಮುಂದಿನ ಕೋಣೆಗೆ ಬಂದು ಡಾಕ್ಟರು ಆಂಟಿಬಯಾಟಿಕ್ ನಿಲ್ಲಿಸಿದರು. ಪ್ರತಿ ವಾರ ಬಂದು ತೋರಿಸಬೇಕು ಎಂದರು. ಯಾವ ಎಣ್ಣೆಯೂ ಮೂಗಿಗೆ ಬಾಯಿಗೆ ಸೋಕಬಾರದು ಎಂದು ಅಕ್ಕನಿಗೂ ಹೇಳಿದರು, ಅದೂ ಎಲ್ಲ ಬಾಣಂತಿಯರಿಗೂ ಹೇಳುವ ದನಿಯಲ್ಲಿ. ಅಕ್ಕನ ಅತ್ತೆ ಬ್ಯಾಗನ್ನು ತೊಡೆಯ ಮೇಲಿಟ್ಟುಕೊಂಡು ಕೇಳಿದರು, "ಮನೆ ಬದ್ಲಾಯ್ಸಿದ್ರೆ ಹೆಂಗೆ ಡಾಕ್ಟ್ರೇ? ಕೂಸ್ನ ನಾನು ಕರ್ಕೊಂಡೋಗ್ಲಾ?"

"ಬೇಡ. ಮನೆ ಬದಲಾಯಿಸ್ಬೇಡಿ, ನೀರು ಹಾಕೋರನ್ನೂ ಬದಲಾಯಿಸ್ಬೇಡಿ. ಹೆಂಗೆ ಹಾಕ್ಬೇಕು ಅಂತ ಅಜ್ಜಿಗೆ ಹೇಳಿದೀನಿ. ಬೇರೆಯವ್ರು ಬಂದ್ರೆ ನಾನು ಮತ್ತೆ ಮೊದ್ಲಿಂದ ಹೇಳ್ಬೇಕು."

ಬ್ಯಾಗು ಮಡಚಿ ಕಂಕುಳಿಗೆ ಹೋಯಿತು.

ಎಲ್ಲರೂ ಹೊರಗೆ ಚಪ್ಪಲಿ ಹುಡುಕುತ್ತಿದ್ದಾಗ ನಾನು ಒಳಗೇ ಉಳಿದೆ. "ಸಾರ್, ಅದೇ ಕಾರಣ ತಾನೇ? ಎಣ್ಣೆ?"

"ಎಕ್ಸ್‌ರೇ ಹಾಗೆ ಹೇಳುತ್ತೆ. ನಿಲ್ಸಿ ನೋಡಿದ್ರೆ ಖಾತ್ರಿಯಾಗುತ್ತೆ."

"ಮತ್ತೆ ಯಾಕೆ ನೇರವಾಗಿ ಹೇಳ್ಲಿಲ್ಲ? ನಿನ್ನ ಎಣ್ಣೆಯಿಂದಲೇ ಮಗೂಗೆ ಹೀಗಾಯ್ತು ಅಂತ? ಕಾರಣ ಗೊತ್ತಿದ್ದು ಹೇಳದೇ ಇರೋದು ಸುಳ್ಳು ಹೇಳಿದ ಹಾಗೇ ಅಲ್ವಾ?"

"ಹೇಳಿದೆನಲ್ಲ. ಮೂಗಿಗೆ ಬಿಟ್ರೆ ಎದೆಗೆ ಇಳಿಯುತ್ತೆ ಅಂದೆ."

"ಅದು ಸಾಮಾನ್ಯ ನಿಯಮ. ಈ ಮಗುವಿನ ವಿಷಯ ಹೇಳ್ಲಿಲ್ಲ."

ಅವರು ಒದ್ದೆ ಅಂಗಿಯ ತುದಿಯನ್ನು ಹಿಂಡಿಕೊಂಡು ಕೂತರು. "ಹುಲಿಯೂರುದುರ್ಗದ ಕಡೆ ಇದ್ದಾಗ ನಿನ್ ಥರಾನೇ ಇದ್ದೆ. ಇಂಥದೇ ಕೂಸು. ಇಂಥದೇ ಮುದುಕಿ. ಜನರ ಮುಂದೆ ನೇರವಾಗಿ ಹೇಳಿದೆ, ನಿನ್ ಕೈಯಾರೆ ಮಾಡಿದೀಯ ಅಂತ. ಸತ್ಯಾನೇ ಹೇಳಿದ್ದು. ಆ ಮನೆಯವರು ಆಮೇಲೆ ನನ್ನ ಹತ್ರ ಬರ್ಲಿಲ್ಲ. ಮುದುಕಿಯನ್ನ ಕೂಸಿನ ಹತ್ರ ಸೇರಿಸ್ಲಿಲ್ಲ. ಎಣ್ಣೆ ನಿಲ್ಲಿಸಿದ್ರಾ? ಇಲ್ಲ. ಬೇರೆಯವ್ರು ಹಾಕಿದ್ರು. ಆ ಊರಲ್ಲಿ ಯಾರೂ ಆಮೇಲೆ ನನ್ನೆದುರು ಎಣ್ಣೆ ಮಾತೇ ಎತ್ತಲಿಲ್ಲ. ಕೇಳಿದ್ರೆ ಇಲ್ಲ ಅನ್ನೋರು. ಅವತ್ತಿಂದ ಕೇಳೋದು ಬಿಟ್ಟು ತೋರ್ಸಿ ಅನ್ನೋಕೆ ಶುರು ಮಾಡಿದೆ." ನನ್ನ ಮುಖ ನೋಡಿದರು. "ನಿನಗೆ ಗೆಲ್ಲಬೇಕೋ, ಎಣ್ಣೆ ನಿಲ್ಲಬೇಕೋ?"

"ಎರಡೂ."

"ಎರಡೂ ಆಗೋದಾದ್ರೆ ಮಾಡು. ನನ್ನ ಕೈಲಾಗ್ಲಿಲ್ಲ."

ನಾನು ಬಿಡಲಿಲ್ಲ. "ಸರಿ. ನಮ್ಮ ಮಗು ಉಳಿಯುತ್ತೆ ಅಂತ್ಲೇ ಇಟ್ಕೊಳೋಣ. ನಮ್ಮ ಬೀದೀಲಿ ಬೇರೆ ಮಕ್ಕಳಿದಾರೆ. ಸತ್ಯ ಹೊರಗೆ ಬರದಿದ್ರೆ ಅವರ ಗತಿ?"

"ಆ ಮಕ್ಕಳಿಗೆ ನೀರು ಹಾಕೋರು ಯಾರು?"

ನಾನು ಬಾಗಿಲಾಚೆ ಚಪ್ಪಲಿ ಹುಡುಕುತ್ತಿದ್ದ ಅಜ್ಜಿಯ ಕಡೆ ನೋಡಿದೆ.

"ನೀನು ಮೈಕ್ ಹಿಡಿದು ಹೇಳಿದ್ರೆ ಆ ತಾಯಂದಿರು ಕೇಳ್ತಾರೋ, ನಿಮ್ಮಜ್ಜಿ ಒಂದು ಗದರು ಗದರಿದ್ರೆ ಕೇಳ್ತಾರೋ? ಅವರ ಮರ್ಯಾದೆ ನಾನು ಇಲ್ಲೇ ಕಳೆದುಬಿಟ್ರೆ ನಾಳೆ ಗದರೋರು ಯಾರು?" ಎಂದವರು ಬಾಗಿಲ ಕಡೆ ಕೈ ತೋರಿಸಿದರು. "ಅಷ್ಟಾಗಿಯೂ ಹೇಳ್ಲೇಬೇಕು ಅನ್ಸಿದ್ರೆ ನೀನೇ ಹೇಳು. ನಿನ್ನಜ್ಜಿ. ನಾನು ತಡೆಯಲ್ಲ."

ಈ ವಾದದಲ್ಲಿ ನನಗೆ ಅವತ್ತು ಒಂದು ತೂತು ಕಂಡಿತ್ತು. ಅಜ್ಜಿ ಹಟಕ್ಕೆ ಬಿದ್ದು ಮತ್ತೆ ಎಣ್ಣೆ ಬಿಟ್ಟಿದ್ದರೆ? ಅದಕ್ಕೂ ಅವರ ಹತ್ತಿರ ಉತ್ತರವಿತ್ತು ಎಂದು ಆಮೇಲೆ ತಿಳಿಯಿತು. ವಾರವಾರ ಬರಹೇಳಿದ್ದು ಮಗುವಿನ ಎದೆ ಕೇಳಲು ಮಾತ್ರವಲ್ಲ, ಪ್ರತಿ ಸಲವೂ ಅಜ್ಜಿಯನ್ನು ಹಿತ್ತಲಿಗೆ ಕರೆದು, "ಎಲ್ಲಿ, ಹೆಂಗೆ ಹಾಕ್ತಿದೀರಿ ತೋರ್ಸಿ" ಎನ್ನುತ್ತಿದ್ದರು. ಅಜ್ಜಿ ಬೈದುಕೊಂಡೇ ತೋರಿಸುತ್ತಿದ್ದಳು. ಅವಳ ಕೈ ಗೊಂಬೆಯ ಮುಖದ ಹತ್ತಿರ ಬಂದು ನಿಂತು ಪಕ್ಕಕ್ಕೆ ಸರಿಯುವುದನ್ನು ನಾನೇ ನೋಡಿದ್ದೇನೆ.

ಕೆಮ್ಮು ನಿಧಾನವಾಗಿ ಕಮ್ಮಿಯಾಯಿತು. ಪಕ್ಕೆ ಒಳಕ್ಕೆ ಹೋಗುವುದು ನಿಂತಿತು. ಒಂದು ಬೆಳಿಗ್ಗೆ ಮಗು ಪೂರ್ತಿ ಹಾಲು ಕುಡಿದು, ಮಧ್ಯೆ ಉಸಿರಿಗಾಗಿ ನಿಲ್ಲಿಸದೆ, ಹಾಗೇ ನಿದ್ದೆ ಹೋಯಿತು. ಅಕ್ಕ ಅದನ್ನು ನೋಡುತ್ತ ರವಿಕೆಯ ಗುಂಡಿ ಹಾಕಿಕೊಳ್ಳುವುದನ್ನೂ ಮರೆತು ಕೂತಿದ್ದಳು. ಬಾಣಂತನ ಪೂರ್ತಿ ನಮ್ಮ ಮನೆಯಲ್ಲೇ ಮುಗಿಯಿತು. ಅಕ್ಕನ ಅತ್ತೆ ಮಗುವನ್ನು ಕರೆದುಕೊಂಡು ಹೋಗಲು ಬಂದಾಗ ಅಜ್ಜಿಯ ಕೈ ಹಿಡಿದುಕೊಂಡು, "ಮುಂದಿನದಕ್ಕೂ ನೀವೇ" ಎಂದರು. ಅಕ್ಕ ಹೌಹಾರಿ, "ಇದು ಮೊದ್ಲು ನಡೀಲಿ ಅತ್ತೆ" ಎಂದಳು. ಈಗ ಅದು ನಡೆಯುವುದೇನು, ಓಡುತ್ತದೆ. ಸ್ಕೂಲಿಗೆ ಹೋಗುತ್ತದೆ. ಪ್ರಶ್ನೆ ಜಾಸ್ತಿ ಕೇಳುತ್ತದೆಂದು ದೂರು ಬಂದಿದೆ, ನನಗೆ ಸಂತೋಷವಾಗಿದೆ.

ಬೀದಿಯಲ್ಲಿ ಏನಾಯಿತು ಎಂಬುದನ್ನೂ ಹೇಳಬೇಕು, ಅದು ಡಾಕ್ಟರ ಪರವಾದ ಸಾಕ್ಷ್ಯ. ಅಜ್ಜಿ ಮತ್ತೆ ಎಲ್ಲರ ಮನೆಗೂ ನೀರು ಹಾಕಲು ಹೋದಳು. ಎದುರು ಮನೆಯ ಹೊಸ ಬಾಣಂತಿಯ ತಾಯಿ ಒಂದು ದಿನ, "ಅಜ್ಜಿ, ಮೂಗಿಗೆ ಒಂದ್ ತೊಟ್ಟು ಬುಡೋದು ಮರ್ತ್ರಿ" ಎಂದಳು.

"ಮರೀಲಿಲ್ಲ. ಬುಡಲ್ಲ."

"ಯಾಕಜ್ಜಿ? ನಮ್ ಮಕ್ಳಿಗೆಲ್ಲ ನೀವೇ ಹಾಕಿದ್ರಲ್ಲ?"

"ಹಾಕಿದ್ದೆ. ಈಗ ಬುಡಲ್ಲ. ಮೂಗಿಗೆ ಎಣ್ಣೆ ಅಂದೋರ ಕೂಸ್ನ ನಾನು ಮುಟ್ಟಲ್ಲ, ಬೇರೆಯೋರ್ನ ಕರ್ಸ್ಕೋ." ಅಷ್ಟೇ ಅಲ್ಲದೆ ಎಣ್ಣೆ ಬಟ್ಟಲನ್ನು ಎತ್ತಿ ಕೈಗೆ ಸಿಗದಷ್ಟು ದೂರ ಇಟ್ಟಳು. ಕಾರಣ ಕೇಳಿದವರಿಗೆಲ್ಲ ಒಂದೇ ಉತ್ತರ, "ಡಾಕ್ಟ್ರು ಹೇಳವ್ರೆ." ನಾನು ಬೀದಿ ಬೀದಿಯಲ್ಲಿ ಭಾಷಣ ಮಾಡಿದ್ದರೂ ಅಷ್ಟು ಬೇಗ ಆ ಪದ್ಧತಿ ನಿಲ್ಲುತ್ತಿರಲಿಲ್ಲ. ಇದನ್ನು ನಾನು ಒಪ್ಪಿಕೊಳ್ಳುತ್ತೇನೆ, ಸಂಕೋಚವಿಲ್ಲದೆ.

ನಾನೀಗ ತುಮಕೂರಿನಲ್ಲಿ ಒಬ್ಬ ವಕೀಲರ ಹತ್ತಿರ ಕೆಲಸ ಕಲಿಯುತ್ತಿದ್ದೇನೆ. ಕಕ್ಷಿದಾರರು ಬಂದು ಜಾಗದ ತಂಟೆ ಹೇಳಿಕೊಂಡರೆ ನಾನು ಹೆಚ್ಚು ಕೇಳುವುದಿಲ್ಲ, ಬೇಲಿಯ ಹತ್ತಿರ ಕರೆದುಕೊಂಡು ಹೋಗಿ ಎಲ್ಲಿ ನಿಂತಿದ್ದಿರಿ ತೋರಿಸಿ ಎನ್ನುತ್ತೇನೆ. ಡಾಕ್ಟರ ಕೈಕೆಳಗೆ ಕಲಿತು ಹೋದ ಕಿರಿಯ ಡಾಕ್ಟರುಗಳೂ ಹಾಗೆಯೇ. ಅಸ್ತಮಾ ಮಕ್ಕಳ ಅಪ್ಪ ಅಮ್ಮಂದಿರಿಗೆ ಇನ್‌ಹೇಲರ್ ಕೊಟ್ಟು ತೋರಿಸಿ ಎನ್ನುತ್ತಾರೆ. ಅರ್ಧ ಮಂದಿ ಮುಚ್ಚಳ ತೆಗೆಯದೆಯೇ ಒತ್ತುತ್ತಾರಂತೆ.

ಡಾಕ್ಟರು ಈಗ ಬೆಳಿಗ್ಗೆ ಮಾತ್ರ ಕೂರುತ್ತಾರೆ. ಇತ್ತೀಚೆಗೆ ಅವರಿಂದ ಗುಣವಾದವರೆಲ್ಲ ಸೇರಿ ತುಮಕೂರಿನಲ್ಲಿ ಒಂದು ಸನ್ಮಾನ ಮಾಡಿದರು. ಅಜ್ಜಿಯನ್ನೂ ಕರೆದುಕೊಂಡು ಹೋಗಿದ್ದೆ. ಯಾರೋ ಮೈಕ್ ಕೊಟ್ಟರು. ಅಜ್ಜಿ ಹೆದರಲಿಲ್ಲ. ನೀಲಿಗಟ್ಟಿದ ಕೂಸು, ಎದೆಯ ಮೇಲೆ ಇಟ್ಟ ಕೈ, ನಗು, ಎಲ್ಲವನ್ನೂ ಹೇಳಿದಳು. ಜನ ಚಪ್ಪಾಳೆ ತಟ್ಟಿದರು. ವೇದಿಕೆಯ ಮೇಲೆ ಡಾಕ್ಟರು ಕೈಜೋಡಿಸಿ ಕೂತಿದ್ದರು, ತಿದ್ದಲಿಲ್ಲ. ನಾನು ಕುರ್ಚಿಯ ತುದಿಗೆ ಬಂದಿದ್ದೆ, ನಾನೂ ತಿದ್ದಲಿಲ್ಲ.

ಸಂಜೆಯ ರೈಲಿನಲ್ಲಿ ಗುಬ್ಬಿಗೆ ಹಿಂತಿರುಗುವಾಗ ಎದುರು ಸೀಟಿನಲ್ಲಿ ಒಬ್ಬ ತಾಯಿ ಹಸುಗೂಸನ್ನು ಮಲಗಿಸಿಕೊಂಡಿದ್ದಳು. ಅಜ್ಜಿ ಅದರ ಎದೆ ಏರಿಳಿಯುವುದನ್ನೇ ನೋಡುತ್ತಿದ್ದಳು. ಬಹಳ ಹೊತ್ತು ನೋಡಿದಳು.

"ಅಜ್ಜಿ, ಡಾಕ್ಟ್ರ ಬಗ್ಗೆ ಬರೀತೀನಿ. ನೀನು ಮೈಕಲ್ಲಿ ಹೇಳಿದ್ದಲ್ಲ. ನಡೆದದ್ದು."

"ಬರ್ಕೋ. ನಾನೇನ್ ಬ್ಯಾಡ ಅಂದ್ನಾ?"

"ಪೂರ್ತಿ ಬರೀತೀನಿ. ಹಿತ್ತಲಿನದೂ."

"ಬರ್ಕೋ ಅಂದ್ನಲ್ಲ ಕಣೇ."

ಕೂಸು ನಿದ್ದೆಯಲ್ಲಿ ಒಮ್ಮೆ ಕೆಮ್ಮಿತು. ಅಜ್ಜಿಯ ಕೈ ತಾನಾಗಿಯೇ ಮುಂದೆ ಹೋಗಿ, ಪರರ ಮಗುವೆಂದು ನೆನಪಾಗಿ ಹಿಂದೆ ಬಂತು. ನಾನು ಅವಳ ಹತ್ತಿರಕ್ಕೆ ಸರಿದು, ಇಷ್ಟು ವರ್ಷ ಕೇಳದೆ ಇಟ್ಟುಕೊಂಡಿದ್ದನ್ನು ಕೇಳಿದೆ.

"ಅಜ್ಜಿ, ನಮ್ಮ ಪಾಪುಗೆ ಯಾತರಿಂದ ಹಂಗಾಗಿತ್ತು ಅಂತ, ಅವತ್ತು ಡಾಕ್ಟ್ರು ಎದುರಿಗೆ ಕೂತು ಹೇಳ್ದಾಗ್ಲೇ ನಿನಗೆ ಗೊತ್ತಾಯ್ತಾ?"